ಮಾರ್ಲಿಸ್ ಕೆಲಸ ಬಿಟ್ಟಿದ್ದಳೋ ಇಲ್ಲವೋ

ಮಾರ್ಲಿಸ್ ಕಂಗಾಸ್ ಅವತ್ತು ನನ್ನ ಆಫೀಸಿಗೆ ಬಂದವಳು ಕುರ್ಚಿ ಎಳೆದುಕೊಳ್ಳಲಿಲ್ಲ, ಕೋಟನ್ನೂ ಬಿಚ್ಚಲಿಲ್ಲ. ಬಾಗಿಲಲ್ಲೇ ನಿಂತು ಬೂಟಿಗೆ ಮೆತ್ತಿದ್ದ ಹಿಮ ಒದರುತ್ತಾ, "ಬ್ರಿಟಾ, ನಾನು ಕೆಲಸ ಬಿಟ್ಟಿದೀನಂತೆ ಕಣೇ. ನಂಗೇ ಗೊತ್ತಿಲ್ಲ, ಸರ್ಕಾರಕ್ಕೆ ಗೊತ್ತಂತೆ!" ಅಂದಳು.

ಆಫೀಸು ಅಂದರೆ ಹಾರ್ಡ್‌ವೇರ್ ಅಂಗಡಿಯ ಮೇಲಿನ ಒಂದು ಕೋಣೆ. ಒಂದು ಮೇಜು, ಒಂದು ಫೋನು, ಸದಾ ಗೊರಗೊರ ಅನ್ನುವ ಕಾಫಿ ಯಂತ್ರ. ನಮ್ಮೂರು ಸಮುದ್ರದಷ್ಟು ದೊಡ್ಡದಾದ ಸುಪೀರಿಯರ್ ಸರೋವರದ ದಂಡೆಯಲ್ಲಿದೆ. ಚಳಿಗಾಲದಲ್ಲಿ ನೀರು ಹೆಪ್ಪುಗಟ್ಟಿ ಅದಿರಿನ ಹಡಗುಗಳು ನಿಂತುಹೋದರೆ ಅರ್ಧ ಊರಿಗೆ ಕೆಲಸ ಇರುವುದಿಲ್ಲ. ಹಾಗಾಗಿ ನಿರುದ್ಯೋಗ ಭತ್ಯೆ ನಮ್ಮಲ್ಲಿ ನೆಗಡಿ ಇದ್ದ ಹಾಗೆ, ಎಲ್ಲರಿಗೂ ಒಮ್ಮೆಯಾದರೂ ಬಂದೇ ಬರುತ್ತದೆ. ಅರ್ಜಿ ತುಂಬಲು ಗೊತ್ತಾಗದವರಿಗೆ, ರಾಜ್ಯದ ಕಚೇರಿಗೆ ಫೋನ್ ಮಾಡಿ ಕಾದು ಕಾದು ಬೇಸತ್ತವರಿಗೆ ಜೊತೆಗೆ ಕೂತು ನೆರವಾಗುವುದು ನನ್ನ ಕೆಲಸ.

ಮಾರ್ಲಿಸ್ ಶಾಲೆಯಲ್ಲಿ ನನಗಿಂತ ಎರಡು ತರಗತಿ ಮುಂದಿದ್ದವಳು. ಅಪ್ಪ ಫಿನ್ಲೆಂಡಿನಿಂದ ಬಂದ ಬೆಸ್ತರ ಮನೆತನದವನು. ಗಂಡ ರೈನೊ ಮರದ ದಿಮ್ಮಿ ಸಾಗಿಸುವ ಲಾರಿ ಓಡಿಸುತ್ತಿದ್ದ, ತೀರಿಹೋಗಿ ಬಹಳ ವರ್ಷವಾಯಿತು. ಅವನು ಹೋದ ಮೇಲೆ ಬಂದರಿನ ಪಕ್ಕದ ಡುವೇನ್ ಸ್ಕಾಲ್ಸ್ಕಿಯ ಹೋಟೆಲಿನಲ್ಲಿ ಅಡುಗೆಗೆ ಸೇರಿದಳು. ಅವಳ ಕೈರುಚಿ ಎಷ್ಟು ಹೆಸರಾಗಿತ್ತೋ ಅವಳ ಬಾಯಿಯೂ ಅಷ್ಟೇ. ಒಮ್ಮೆ ನಮ್ಮ ಪಾದ್ರಿಗಳು ಸೂಪಿಗೆ ಚಮಚ ಹಾಕುವ ಮೊದಲೇ ಉಪ್ಪು ಕೇಳಿದರು. ಮಾರ್ಲಿಸ್ ಸೌಟು ಹಿಡಿದುಕೊಂಡೇ ಒಳಗಿನಿಂದ ಬಂದು, "ಕಾಣದ ದೇವರನ್ನ ನಂಬ್ತೀರಿ, ಕಣ್ಣೆದುರಿಗಿರೋ ನನ್ನ ಸೂಪನ್ನ ನಂಬಲ್ವಾ?" ಅಂದಳಂತೆ. ಪಾದ್ರಿಗಳು ಮುಂದಿನ ಭಾನುವಾರದ ಉಪದೇಶದಲ್ಲಿ ಅದನ್ನೇ ಹೇಳಿ ನಗಿಸಿದರು.

"ಮೊದಲು ಕೂತ್ಕೋ. ಏನಾಯ್ತು ಹೇಳು," ಅಂದೆ.

ಆದದ್ದು ಇಷ್ಟು. ಚಳಿಗಾಲ, ಗಿರಾಕಿ ಕಡಿಮೆ. ಮೀನಿನ ಸೂಪಿಗೆ ಕೆನೆ ಹಾಕಬೇಡ, ಹಾಲಿನ ಪುಡಿ ಕಲಸಿ ಹಾಕು ಅಂತ ಡುವೇನ್ ಹೇಳಿದ. ಮಾರ್ಲಿಸ್‌ಗೆ ಹಾಲಿನ ಪುಡಿ ಅಂದರೆ ಮನೆಗೆ ಕಳ್ಳ ಬಂದ ಹಾಗೆ. ಇಬ್ಬರೂ ಜಗಳವಾಡಿದರು. ಸಂಜೆ ಪಾತ್ರೆ ಉಜ್ಜಿಟ್ಟು, ಏಪ್ರನ್ ಬಿಚ್ಚಿ ಒಗೆಯುವ ಬುಟ್ಟಿಗೆ ಎಸೆದು, "ನಂದಾಯ್ತು ಡುವೇನ್! ನಂದಾಯ್ತು!" ಅಂತ ಕೂಗಿ ಮನೆಗೆ ಹೋದಳು. ಮಾರನೇ ದಿನ ಬೆಳಗಿನ ಜಾವ ಎಂದಿನಂತೆ ಹೋಟೆಲಿಗೆ ಹೋದರೆ ಒಲೆಯ ಮುಂದೆ ಡುವೇನ್‌ನ ತಮ್ಮನ ಸೊಸೆ ನಿಂತಿದ್ದಾಳೆ!

"'ನೀನೇ ಬಿಟ್ಟು ಹೋದೆಯಲ್ಲ' ಅಂದ ಕಣೇ, ಮುಖ ಕೂಡ ಎತ್ತಲಿಲ್ಲ."

"ನೀನೇನಂದೆ?"

"ಏನೂ ಅನ್ಲಿಲ್ಲ. ನನ್ನ ಚಾಕು ತಗೊಂಡು ಬಂದ್ಬಿಟ್ಟೆ."

ಜೀವಮಾನದಲ್ಲಿ ಮಾತಾಡಲೇಬೇಕಾಗಿದ್ದ ಒಂದು ಸಲ ಅವಳ ಬಾಯಿ ಕಟ್ಟಿಹೋಗಿತ್ತು. ಅದನ್ನು ಹೇಳಿದವಳೇ ಕಿಟಕಿಯ ಕಡೆ ತಿರುಗಿ, ನಿನ್ನ ಕಾಫಿ ಯಂತ್ರಕ್ಕೆ ಯಾರಾದರೂ ಎಣ್ಣೆ ಹಾಕಬಾರದೇನೇ ಅಂತ ಬೈದಳು.

"ಅರ್ಜೀಲಿ ಕೆಲಸ ಯಾಕೆ ಹೋಯ್ತು ಅಂತ ಕೇಳಿರ್ತಾರಲ್ಲ, ಏನು ಬರೆದೆ?"

"'ಡುವೇನ್‌ನನ್ನೇ ಕೇಳಿ' ಅಂತ ಬರೆದೆ."

"ಅಯ್ಯೋ ಮಾರ್ಲಿಸ್! ಅವರು ಕೇಳಿದಾರೆ ಕಣೇ, ಅವನು ಹೇಳಿದಾನೆ!"

ತಾನಾಗಿ ಕೆಲಸ ಬಿಟ್ಟವರಿಗೆ ಭತ್ಯೆ ಇಲ್ಲ. ಆದರೆ ಮೇಲ್ಮನವಿಗೆ ಅವಕಾಶವಿತ್ತು. ಇಬ್ಬರೂ ಕೂತು ಬರೆದು ಹಾಕಿದೆವು. ಫೋನಿನಲ್ಲೇ ವಿಚಾರಣೆ ನಡೆಯುತ್ತದೆ, ನ್ಯಾಯಾಧೀಶರು ಇಬ್ಬರ ಮಾತನ್ನೂ ಕೇಳುತ್ತಾರೆ, ಅಲ್ಲಿಯವರೆಗೆ ವಾರ ವಾರವೂ ಎಲ್ಲೆಲ್ಲಿ ಕೆಲಸ ಹುಡುಕಿದೆ ಅಂತ ರಾಜ್ಯಕ್ಕೆ ತಿಳಿಸುತ್ತಲೇ ಇರಬೇಕು ಅಂತ ಅವಳಿಗೆ ವಿವರಿಸಿದೆ.

ಕೆಲಸ ಹುಡುಕುವುದನ್ನು ಅವಳು ಮನಸ್ಸಿಟ್ಟೇ ಮಾಡಿದಳು. ಆದರೆ ಹೋದಲ್ಲೆಲ್ಲ ಒಂದು ಕಥೆ. ವೃದ್ಧಾಶ್ರಮದಲ್ಲಿ ಪ್ಯಾಕೆಟ್ ಊಟವನ್ನು ಬಿಸಿ ಮಾಡಿ ಕೊಡುವ ಕೆಲಸವಿತ್ತು. "ಅದಕ್ಕೆ ನಾನ್ಯಾಕೆ? ಒಂದು ಬೆಂಕಿಪೊಟ್ಟಣ ಸಾಕು," ಅಂತ ಹೇಳಿ ಬಂದಿದ್ದಳು.

"ಕೆಲಸ ಕೊಡೋರ ಹತ್ರ ಹೀಗೆಲ್ಲಾ ಮಾತಾಡ್ತಾರಾ?" ಅಂದರೆ, "ಕೇಳಿದ್ರು, ಹೇಳ್ದೆ," ಅಂದಳು.

ನನ್ನ ಭಯವೂ ಅದೇ ಆಗಿತ್ತು. ವಿಚಾರಣೆಗೆ ಮೊದಲು ಒಂದು ಮಧ್ಯಾಹ್ನ ಅಭ್ಯಾಸಕ್ಕೆ ಕೂರಿಸಿದೆ. ನಾನು ನ್ಯಾಯಾಧೀಶೆ.

"ಶ್ರೀಮತಿ ಕಂಗಾಸ್, ಅವತ್ತು ನಿಮ್ಮ ಮಾಲೀಕರ ಜೊತೆ ಜಗಳವಾಯ್ತಾ?"

"ಜಗಳ ಅಲ್ಲ. ಅವನಿಗೆ ನಾಲಿಗೆ ಸತ್ತಿದೆ, ಅದನ್ನ ತಿಳಿಸಿ ಹೇಳ್ದೆ."

"'ಹೌದು, ಆಯ್ತು' ಅಷ್ಟೇ ಹೇಳು."

"ಹೌದು, ಆಯ್ತು. ಅವನಿಗೆ ನಾಲಿಗೆ ಸತ್ತಿದೆ."

ಅವಳ ಕೈಗೆ ಕೆಲಸವಿದ್ದರೆ ಮಾತ್ರ ಬಾಯಿ ಸುಮ್ಮನಿರುತ್ತದೆ ಅಂತ ಆಮೇಲೆ ಹೊಳೆಯಿತು. ಏನಾದರೂ ಹಿಡಿದುಕೊಂಡು ಬಾ ಅಂದೆ. ನಾನಂದುಕೊಂಡದ್ದು ಉಣ್ಣೆ, ಹೆಣೆಯುವ ಕಡ್ಡಿ ತರುತ್ತಾಳೆ ಅಂತ. ವಿಚಾರಣೆಯ ದಿನ ಅವಳು ಒಂದು ಚೀಲ ಸೇಬು, ದೊಡ್ಡ ಬೋಗುಣಿ, ಸಿಪ್ಪೆ ಹೆರೆಯುವ ಚಾಕು ತಂದಳು. ಚರ್ಚಿನವರಿಗೆ ಕಡುಬು ಮಾಡಿಕೊಡುತ್ತೇನೆ ಅಂತ ಒಪ್ಪಿಕೊಂಡಿದ್ದಳಂತೆ.

ಫೋನು ಬಂತು. ಸ್ಪೀಕರಿಗೆ ಹಾಕಿದೆ. ನ್ಯಾಯಾಧೀಶೆಯದು ಶಾಂತವಾದ, ಸ್ವಲ್ಪ ಸುಸ್ತಾದ ದನಿ. ಡುವೇನ್ ಕೂಡ ಇನ್ನೊಂದು ಕಡೆಯಿಂದ ಕೆಮ್ಮಿದ್ದು ಕೇಳಿಸಿತು. "ಬಲಗೈ ಎತ್ತಿ ಪ್ರಮಾಣ ಮಾಡಿ," ಅಂದರು. ಮಾರ್ಲಿಸ್ ಚಾಕುವಿನ ಸಮೇತ ಕೈ ಎತ್ತಿದಳು. ತುದಿಯಿಂದ ಸೇಬಿನ ಸಿಪ್ಪೆ ಉದ್ದಕ್ಕೆ ಜೋಲಾಡುತ್ತಿತ್ತು. ನಾನು ತುಟಿ ಕಚ್ಚಿಕೊಂಡೆ.

ಮೊದಲು ಡುವೇನ್ ಹೇಳಿದ. ಸುಳ್ಳು ಹೇಳುವ ಮನುಷ್ಯನಲ್ಲ ಅವನು, ಹೇಳಲೂ ಇಲ್ಲ. "ಹಾಲಿನ ಪುಡಿ ವಿಷಯಕ್ಕೆ ಮಾತು ಬೆಳೀತು. ಏಪ್ರನ್ ಎಸೆದ್ಲು. ನಂದಾಯ್ತು ಅಂತ ಕಿರುಚಿದ್ಲು. ಇನ್ನು ಬರಲ್ಲ ಅಂತ ನಾನು ತಿಳ್ಕೊಂಡೆ. ಬೆಳಗ್ಗೆ ತಿಂಡಿಗೆ ಜನ ಬರ್ತಾರಲ್ಲ ಮೇಡಂ, ತಮ್ಮನ ಸೊಸೇನ ಕರೆಸ್ಕೊಂಡೆ."

"ಮಾರನೇ ದಿನ ಅವರು ಬಂದಿದ್ದು ಯಾಕೆ?"

"ಚಾಕು ತಗೊಂಡು ಹೋಗೋಕೆ."

ಮಾರ್ಲಿಸ್ ಮೂಗಿನಿಂದ ಉಸಿರು ಬಿಟ್ಟ ರಭಸಕ್ಕೆ ನಾನು ಇನ್ನೊಂದು ಸೇಬು ಅವಳ ಕೈಗೆ ತುರುಕಿದೆ.

"ಅದೇನು ಸದ್ದು?" ನ್ಯಾಯಾಧೀಶೆ ಕೇಳಿದರು. "ಕರಕರ ಅಂತ ಬರ್ತಾ ಇದೆ."

"ಸೇಬು ಮೇಡಂ," ಅಂದಳು ಮಾರ್ಲಿಸ್. "ಸಿಪ್ಪೆ ಹೆರೀತಾ ಇದೀನಿ. ಇಲ್ಲದಿದ್ರೆ ನಾನು ನಡುವೆ ಬಾಯಿ ಹಾಕ್ತೀನಿ."

"ಹಾಗಾದ್ರೆ ಹೆರೀರಿ," ಅಂದರು.

ಮಾರ್ಲಿಸ್‌ಳ ಸರದಿ ಬಂದಾಗ ಅವಳು ಅಚ್ಚುಕಟ್ಟಾಗಿಯೇ ಹೇಳಿದಳು. ದಿನಾ ಕೆಲಸ ಮುಗಿದಾಗ ನಂದಾಯ್ತು ಅಂತಲೇ ಹೇಳಿ ಹೊರಡುವುದು, ಅವತ್ತು ಸಿಟ್ಟಿಗೆ ಜೋರಾಗಿ ಹೇಳಿದೆ ಅಷ್ಟೇ ಅಂದಳು. ಆದರೆ ನನಗೆ ಗೊತ್ತಾಯಿತು, ಇದು ಅವನ ಮಾತಿಗೆ ಎದುರಾಗಿ ಇವಳ ಮಾತು, ಎರಡೂ ಒಂದೇ ತೂಕ. ಆಮೇಲೆ ನ್ಯಾಯಾಧೀಶೆ ಅವಳನ್ನು, "ಶ್ರೀ ಸ್ಕಾಲ್ಸ್ಕಿಯವರಿಗೆ ನಿಮ್ಮ ಪ್ರಶ್ನೆ ಏನಾದ್ರೂ ಇದೆಯಾ?" ಅಂತ ಕೇಳಿದರು.

ಅದಕ್ಕಾಗಿ ನಾನು ಪ್ರಶ್ನೆಗಳನ್ನು ಬರೆದಿಟ್ಟಿದ್ದೆ. ಚೀಟಿಯನ್ನು ಅವಳ ಮುಂದೆ ತಳ್ಳಿದೆ. ಅವಳು ಅದರ ಮೇಲೇ ಒಂದು ಹಿಡಿ ಸಿಪ್ಪೆ ಹಾಕಿ, ಫೋನಿನ ಹತ್ತಿರ ಬಾಗಿದಳು.

"ಡುವೇನ್, ಆ ಹುರುಳಿ ಏನು ಮಾಡ್ದೆ?"

ನಾನು ಹಣೆ ಚಚ್ಚಿಕೊಂಡೆ.

"ಯಾವ ಹುರುಳಿ?" ಅಂದ ಡುವೇನ್.

"ಹಳದಿ ಬಕೆಟ್‌ನಲ್ಲಿ ನೆನೆಹಾಕಿದ್ದೆನಲ್ಲ ಮಾರಾಯ, ಬಿಳೀ ಹುರುಳಿ. ಮಾರನೇ ದಿನದ ಸೂಪಿಗೆ. ಬೇಯಿಸಿದ್ಯಾ, ಚೆಲ್ಲಿಬಿಟ್ಯಾ? ಅವತ್ತಿಂದ ಅದೇ ಕೊರೀತಾ ಇದೆ ನಂಗೆ."

"ಬೇಯಿಸಿದ್ವಿ. ಆ ಹುಡುಗಿ ಸ್ವಲ್ಪ ಜಾಸ್ತಿ ಬೇಯಿಸಿಬಿಟ್ಟಳು."

"ಒಂದು ನಿಮಿಷ," ನ್ಯಾಯಾಧೀಶೆಯ ದನಿ ಎಚ್ಚೆತ್ತಿತು. "ಶ್ರೀ ಸ್ಕಾಲ್ಸ್ಕಿ, ಆ ಹುರುಳಿ ನೆನೆಹಾಕಿದ್ದು ಯಾರು?"

"ಮಾರ್ಲಿಸ್."

"ಯಾವಾಗ?"

"ಹೋಗೋ ಮುಂಚೆ, ಮೇಡಂ."

"'ನಂದಾಯ್ತು' ಅಂತ ಹೇಳೋಕೆ ಮೊದಲಾ, ಆಮೇಲಾ?"

ಡುವೇನ್ ಮತ್ತೆ ಕೆಮ್ಮಿದ. ಕೊನೆಗೆ ಅಂದ: "ಆಮೇಲೆ. ಏಪ್ರನ್ ಎಸೆದು ಬಾಗಿಲ ತನಕ ಹೋದ್ಲು. ಮತ್ತೆ ಗೊಣಗ್ತಾ ವಾಪಸ್ಸು ಬಂದು, ಹುರುಳಿ ಅಳೆದು, ನೀರು ಹಾಕಿ, ಬಕೆಟ್ ಮುಚ್ಚಿಟ್ಟು, ಬಾಗಿಲು ದಡಾರನೆ ಹಾಕಿಕೊಂಡು ಹೋದ್ಲು." ಆಮೇಲೆ ತಾನೇ, "ನಾನು ಅದನ್ನ ಯೋಚನೆ ಮಾಡಲೇ ಇಲ್ಲ ಮೇಡಂ," ಅಂದ.

"ನಾಳೆಯಿಂದ ಬರದೇ ಇರೋರು ನಾಳೆಯ ಹುರುಳಿ ನೆನೆಹಾಕ್ತಾರಾ, ಶ್ರೀ ಸ್ಕಾಲ್ಸ್ಕಿ?"

"ಇಲ್ಲ ಅನ್ಸುತ್ತೆ."

ಫೋನು ಇಟ್ಟ ಮೇಲೆ ನಾನು ಅವಳ ಭುಜ ಹಿಡಿದು ಅಲ್ಲಾಡಿಸಿದೆ. "ಇದನ್ನ ನಂಗೆ ಮೊದಲೇ ಯಾಕೆ ಹೇಳ್ಲಿಲ್ಲ? ಇದೊಂದು ಬರೆದಿದ್ರೆ ಸಾಕಾಗಿತ್ತು!"

"ಹುರುಳಿ ವಿಷಯ ಸರ್ಕಾರಕ್ಕೆ ಯಾಕೆ ಬೇಕು?" ಅವಳಿಗೆ ನಿಜವಾಗಿಯೂ ಅರ್ಥವಾಗಿರಲಿಲ್ಲ. "ಜಾಸ್ತಿ ಬೇಯಿಸಿಬಿಟ್ಟಳಂತೆ ನೋಡು."

ತೀರ್ಪು ಟಪಾಲಿನಲ್ಲಿ ಬಂತು. ಮಾರ್ಲಿಸ್ ಕಂಗಾಸ್ ಕೆಲಸ ಬಿಟ್ಟಿಲ್ಲ, ಭತ್ಯೆಗೆ ಅರ್ಹಳು, ಹಿಂದಿನ ವಾರಗಳದ್ದೂ ಸೇರಿಸಿ ಕೊಡತಕ್ಕದ್ದು. ಅವಳು ನನ್ನ ಮೇಜಿನ ಮುಂದೆ ಅದನ್ನು ಗಟ್ಟಿಯಾಗಿ ಓದಿದಳು, "ಕೆಲಸ ಬಿಟ್ಟಿಲ್ಲ" ಅನ್ನುವಲ್ಲಿಗೆ ಬಂದು ನಿಂತಳು. ಮೂಗು ಒರೆಸಿಕೊಂಡಳು. ಅವಳಿಗೆ ನೋವಾಗಿದ್ದು ಭತ್ಯೆ ಸಿಗದಿದ್ದಕ್ಕಲ್ಲ. ಇಷ್ಟು ವರ್ಷ ಜೊತೆಗಿದ್ದ ಡುವೇನ್, ಇವಳು ಒಂದು ಮಾತು ಹೇಳದೆ ಬಿಟ್ಟು ಹೋಗುವವಳು ಅಂತ ನಂಬಿದ್ದಕ್ಕೆ.

ಅದನ್ನು ಅವಳು ಅವನಿಗೇ ಹೇಳಿದಳು. ಡುವೇನ್ ಒಂದು ಸಂಜೆ ಟೋಪಿ ಕೈಯಲ್ಲಿ ಹಿಡಿದು ಅವಳ ಮನೆಗೆ ಹೋಗಿದ್ದ. ತಪ್ಪಾಯಿತು, ವಾಪಸ್ಸು ಬಾ, ಕೆನೆ ಎಷ್ಟು ಬೇಕಾದರೂ ಹಾಕಿಕೋ ಅಂದನಂತೆ. "ನಿಂಗೆ ಕೇಳೋಕೇನಾಗಿತ್ತೋ? ರಸ್ತೆ ದಾಟಿದ್ರೆ ನನ್ನ ಮನೆ," ಅಂತ ಮಾರ್ಲಿಸ್ ಬೈದಳು, ಅವನು ಬೈಸಿಕೊಂಡ. ಆಮೇಲೆ ಅವನನ್ನು ಕೂರಿಸಿ ಊಟ ಹಾಕಿದಳು. ವಾಪಸ್ಸು ಮಾತ್ರ ಹೋಗಲಿಲ್ಲ. "ಆ ಹುಡುಗಿಗೂ ಕೆಲಸ ಬೇಕಲ್ಲ. ಕಳಿಸು ಅವಳನ್ನ, ಬೇಯಿಸೋದು ಕಲಿಸ್ತೀನಿ," ಅಂದಳು. ಕಲಿಸಿದಳು ಕೂಡ.

ಇತ್ತ ವಾರ ವಾರದ ಕೆಲಸ ಹುಡುಕಾಟ ಮುಂದುವರಿಯಬೇಕಿತ್ತು. ಒಂದು ವಾರ ನಮ್ಮೂರಲ್ಲಿ ಅವಳು ಕೇಳದ ಅಡುಗೆಮನೆಯೇ ಉಳಿದಿರಲಿಲ್ಲ. ನಾನು ಕಂಪ್ಯೂಟರಿನಲ್ಲಿ ತಡಕಾಡಿ, "ಅದಿರಿನ ಹಡಗಿಗೆ ಎರಡನೇ ಅಡುಗೆಯವರು ಬೇಕಂತೆ. ಹೇಗೂ ಸಿಗಲ್ಲ, ಈ ವಾರಕ್ಕೆ ಇರಲಿ, ಹಾಕೋಣ," ಅಂದೆ.

"ಹಾಕು," ಅಂದಳು, ನನ್ನ ಬಿಸ್ಕತ್ತು ತಿನ್ನುತ್ತಾ.

ಅವರು ಫೋನ್ ಮಾಡಿಯೇಬಿಟ್ಟರು! ಮಾರ್ಲಿಸ್ ನನ್ನ ಆಫೀಸಿನ ಮೆಟ್ಟಿಲನ್ನು ಒಂದೇ ಉಸಿರಿಗೆ ಹತ್ತಿ ಬಂದು ಬೈದಳು. "ಈ ವಯಸ್ಸಲ್ಲಿ ಹಡಗು ಹತ್ತಿಸ್ತೀಯಲ್ಲೇ! ನಂಗೆ ಈಜೋಕೂ ಬರಲ್ಲ!" ಬೈಯುತ್ತಲೇ ವೈದ್ಯರ ಹತ್ತಿರ ಹೋಗಿ ತಪಾಸಣೆ ಮಾಡಿಸಿಕೊಂಡಳು, ನಾವಿಕರ ಕಾರ್ಡಿಗೆ ಫೋಟೋ ತೆಗೆಸಿಕೊಂಡಳು, ಜಾರದ ಶೂ ಕೊಂಡಳು. ವಸಂತದಲ್ಲಿ ನೀರ್ಗಲ್ಲು ಒಡೆದು ಮೊದಲ ಹಡಗುಗಳು ಹೊರಟಾಗ ಅವುಗಳಲ್ಲೊಂದರಲ್ಲಿ ಮಾರ್ಲಿಸ್ ಇದ್ದಳು.

ಜೂನ್‌ನಲ್ಲಿ ಅವಳ ಹಡಗು ಅದಿರು ತುಂಬಿಸಿಕೊಳ್ಳಲು ನಮ್ಮ ಬಂದರಿಗೇ ಬಂತು. ಒಳಗೆ ಬಿಡಲು ಅನುಮತಿ ಕೊಡಿಸಿ ನನ್ನನ್ನು ಕರೆದಳು. ನಾನು ಎರಡೂ ಕೈಯಲ್ಲಿ ಕಂಬಿ ಹಿಡಿದು ಕಬ್ಬಿಣದ ಮೆಟ್ಟಿಲು ಒಂದೊಂದಾಗಿ ಹತ್ತಿದೆ. ಅವಳು ಮಾತ್ರ ಮೇಕೆಯ ಹಾಗೆ ಹತ್ತಿದಳು. ಅಡುಗೆಮನೆ ತೋರಿಸಿದಳು. ಅಲೆ ಬಂದರೆ ಪಾತ್ರೆ ಜಾರದಂತೆ ಒಲೆಯ ಸುತ್ತ ಕಟ್ಟಿರುವ ಕಂಬಿ, ಅವಳಿಗೇ ಅಂತ ಇರುವ ಪುಟ್ಟ ಕೋಣೆ, ದುಂಡನೆಯ ಕಿಟಕಿ.

"ಮೊದಲ ಬಿರುಗಾಳಿಗೆ ಸತ್ತೇ ಹೋದೆ ಅಂದ್ಕೊಂಡೆ ಕಣೇ. ಮೊದಲನೇ ಅಡುಗೆಯವನು ಬಕೆಟ್ ಹಿಡ್ಕೊಂಡು ಮಲಗಿಬಿಟ್ಟ. ಊಟ ಪೂರ್ತಿ ನಾನೇ ಮಾಡ್ದೆ."

"ಭಯ ಆಗ್ಲಿಲ್ವಾ?"

"ಆಯ್ತು. ಆದ್ರೆ ಇಪ್ಪತ್ತು ಜನಕ್ಕೆ ಹಸಿವಾಗಿತ್ತಲ್ಲ."

ಅವಳ ಮುಖ ಬಿಸಿಲಿಗೆ ಕೆಂಪಾಗಿತ್ತು, ಹತ್ತು ವರ್ಷ ಚಿಕ್ಕವಳ ಹಾಗೆ ಕಾಣುತ್ತಿದ್ದಳು. ಈ ಸರೋವರವನ್ನು ದಂಡೆಯಲ್ಲಿ ನಿಂತು ನೋಡಿದ್ದೇ ಆಯಿತು, ಅದರ ನಡುವೆ ಬೆಳಗಾಗುವುದನ್ನು ಈಗ ನೋಡುತ್ತಿದ್ದೇನೆ ಅಂದಳು. ಜನವರಿಯಲ್ಲಿ ಹಡಗು ನಿಂತಾಗ ಎಲ್ಲ ನಾವಿಕರ ಹಾಗೆ ತಾನೂ ಭತ್ಯೆಗೆ ಅರ್ಜಿ ಹಾಕಬೇಕಂತೆ, ಈ ಸಲವೂ ತಾನೇ ತುಂಬುತ್ತಾಳಂತೆ. ನಾನು ಏನಾದರೂ ಹೇಳುವ ಮೊದಲೇ ಮೇಲಿಂದ ಯಾರೋ ಅವಳ ಹೆಸರು ಹಿಡಿದು ಕೂಗಿದರು, ಹೊರಡುವ ಹೊತ್ತಾಯಿತು ಅಂತ. ಕಾಗದದಲ್ಲಿ ಸುತ್ತಿದ ಬಿಸಿ ಬನ್ನುಗಳನ್ನು ನನ್ನ ಕೋಟಿನ ಜೇಬಿಗೆ ತುರುಕಿ, "ಇಳಿಯುವಾಗ ಕೆಳಗೆ ನೋಡ್ಬೇಡ, ಕಂಬಿ ಗಟ್ಟಿಯಾಗಿ ಹಿಡ್ಕೋ," ಅಂತ ಬೆನ್ನು ತಟ್ಟಿ ಕಳಿಸಿದಳು.