ಬಾವಿಯನ್ನು ಗುಂಡಿ ಎಂದು ಬರೆದವನು

ಎದುರಿಗೆ ಇನ್ನೊಂದು ಗಾಡಿ ಬಂದರೆ ಕಿಕ್ಕೇರಿಯ ಬಸ್ಸು ನಮ್ಮ ಹೊಲಕ್ಕಿಳಿದು ದಾರಿ ಬಿಡುತ್ತಿದ್ದ ಕಾಲ ಅದು. ತೊಂಬತ್ತರ ದಶಕ. ನಾನಾಗ ಐದನೇ ಕ್ಲಾಸಿನ ಹುಡುಗಿ. ರಸ್ತೆ ಅಗಲ ಮಾಡಲು ನಮ್ಮ ಹೊಲದ ಅಂಚು ಹೋಗುತ್ತದೆಂಬ ಸುದ್ದಿ ಬಂದದ್ದು ಅವರೆಕಾಯಿ ಕಾಲದಲ್ಲಿ.

ಅಳತೆಗೆ ಬಂದ ಸರ್ವೆಯವನಿಗೆ ದೊಡ್ಡಪ್ಪ ಮಾಡಿದ ಉಪಚಾರ ನೆನೆದರೆ ಈಗಲೂ ಮೈ ಉರಿಯುತ್ತದೆ. ಅವನಿಗಾಗಿ ನಾವು ಮಕ್ಕಳು ಬೆರಳು ಸುಲಿಯುವಷ್ಟು ಅವರೆ ಹಿತುಕಿದೆವು. ಕೈ ಎಷ್ಟು ತೊಳೆದರೂ ಸೊಗಡು ಹೋಗಲಿಲ್ಲ. ಹೊಲದಲ್ಲೇ ಚಾಪೆ ಹಾಸಿ ಬಡಿಸಿದರು. ಆತ ಬೆಲ್ಟು ಸಡಿಲಿಸಿ ಮೂರು ಸಲ ಸಾರು ಹಾಕಿಸಿಕೊಂಡ. ನಮ್ಮ ಬಾವಿಯ ನೀರು ಕುಡಿದು, "ಏನ್ ಸೀ ಐತ್ರೀ!" ಅಂದ. ಆಮೇಲೆ ಬಾವಿಕಟ್ಟೆಯ ಮೇಲೇ ಕೂತು ಪಟ್ಟಿ ಬರೆದ. ದೊಡ್ಡಪ್ಪ ಪಕ್ಕದಲ್ಲಿ ಟವೆಲಿನಿಂದ ಗಾಳಿ ಬೀಸುತ್ತಾ ನಿಂತಿದ್ದರು.

ರಸ್ತೆಗೆ ಹೋಗಲಿದ್ದ ಅಂಚಿನಲ್ಲೇ ಇದ್ದ ಆ ಬಾವಿ, ಅಜ್ಜಿ ಮದುವೆಯಾಗಿ ಬಂದ ಹೊಸದರಲ್ಲಿ ತಾತ ತೋಡಿದ್ದು. ಮಣ್ಣು ಹೊತ್ತವಳು ಅಜ್ಜಿ.

ಬೇಸಿಗೆ ರಜೆಗೆ ಮುಂಚೆ ನಮ್ಮ ಶಾಲೆಯ ಜಗುಲಿಯಲ್ಲಿ ಮೇಜು ಹಾಕಿ ಪರಿಹಾರದ ಚೆಕ್ಕು ಹಂಚಲು ಅಧಿಕಾರಿ ಕುಳಿತರು. ಪಹಣಿ ಅಜ್ಜಿಯ ಹೆಸರಿನಲ್ಲಿತ್ತು. ಹೆಬ್ಬೆಟ್ಟು ಒತ್ತುವ ಮೊದಲು ಅವಳು ಕಾಗದವನ್ನು ನನ್ನ ಕೈಗಿಟ್ಟಳು.

"ಏನ್ ಬರ್ದವ್ರೆ ಓದ್ ಮಗಾ. ಗಟ್ಯಾಗ್ ಓದು."

ತೆಂಗಿನ ಮರ ಎರಡು, ಬೇವು ಒಂದು ಎಂದು ಓದುತ್ತಾ ಹೋದೆ. ಕೊನೆಯ ಸಾಲು: "ಹಾಳು ಗುಂಡಿ ಒಂದು. ಪರಿಹಾರ ಇಲ್ಲ."

"ಯಾವ್ ಗುಂಡಿಲಾ ಅದು?" ಅಜ್ಜಿ ದೊಡ್ಡಪ್ಪನತ್ತ ತಿರುಗಿದಳು.

"ಸುಮ್ಕಿರವ್ವ. ಸಾಯೇಬ್ರು ಬೇಜಾರ್ ಮಾಡ್ಕಂಡ್ರೆ ಬರೋ ಚೆಕ್ಕೂ ಓಯ್ತದೆ."

ಅಜ್ಜಿ ಮೇಜಿನ ಪಕ್ಕ ನಿಂತಿದ್ದ ಸರ್ವೆಯವನನ್ನು ಅಡಿಯಿಂದ ಮುಡಿಯವರೆಗೆ ನೋಡಿದಳು. "ಅಲ್ಲ ಸಾಮಿ, ಅವತ್ತು ನೀವ್ ಕುಡ್ದಿದ್ದು ಗುಂಡಿ ನೀರಾ? ನಮ್ ಎಮ್ಮೇನೂ ಗುಂಡಿ ನೀರ್ ಮೂಸಿ ನೋಡಿ ಕುಡೀತದೆ."

ಸಾಲಿನಲ್ಲಿದ್ದವರೆಲ್ಲ ನಕ್ಕರು. ಆ ಮನುಷ್ಯ ಜೇಬಿನ ಪೆನ್ನು ಸರಿಮಾಡಿಕೊಂಡ, ಅಷ್ಟೇ. ಅಧಿಕಾರಿ ತಲೆಯೆತ್ತದೆ, "ತಕರಾರಿದ್ರೆ ಬರ್ದು ಕೊಡಮ್ಮ," ಅಂದರು. ಹೆಬ್ಬೆಟ್ಟಿನ ಮುದುಕಿ ಏನು ಬರೆದಾಳು ಎಂಬ ಸಸಾರ.

"ಬರೀ ಮಗಾ," ಅಂದಳು ಅಜ್ಜಿ.

ಬಾಗಿಲಲ್ಲಿ ನಿಂತಿದ್ದ ನಮ್ಮ ಮೇಷ್ಟ್ರು ಮೆಲ್ಲಗೆ ಹೇಳಿಕೊಟ್ಟರು, ನಾನು ಬರೆದೆ: ಇದು ಗುಂಡಿಯಲ್ಲ, ಬಾವಿ. ಈ ಲೆಕ್ಕ ಒಪ್ಪದೆಯೇ ಹಣ ಪಡೆದಿದ್ದೇನೆ. ಅಜ್ಜಿ ಅದರ ಕೆಳಗೆ ಹೆಬ್ಬೆಟ್ಟು ಒತ್ತಿದಳು. ದೊಡ್ಡಪ್ಪ ಮನೆಯವರೆಗೂ ಮುಖ ಗಂಟಿಕ್ಕಿಕೊಂಡೇ ನಡೆದರು.

ಕೆಲಸ ಶುರುವಾದಾಗ ಆ 'ಗುಂಡಿ' ಎರಡು ದಿನ ಲಾರಿಗಟ್ಟಲೆ ಮಣ್ಣು ನುಂಗಿತು. ಕಂಟ್ರಾಕ್ಟರು ತನ್ನ ಬಿಲ್ಲಿನಲ್ಲಿ ಬರೆದುಕೊಂಡದ್ದು ಮಾತ್ರ 'ಬಾವಿ ಮುಚ್ಚಿದ ಬಾಬ್ತು' ಎಂದು! ಅದಕ್ಕೆ ಸಹಿ ಹಾಕಿದವರೂ ನಮಗೆ ಚೆಕ್ಕು ಹಂಚಿದ ಅಧಿಕಾರಿಯೇ. ನಮಗೆ ಕೊಡುವಾಗ ಗುಂಡಿ, ತಾವು ತಿನ್ನುವಾಗ ಬಾವಿ. ಮೇಷ್ಟ್ರು ಆ ಬಿಲ್ಲಿನ ನಕಲು ಹೇಗೋ ಸಂಪಾದಿಸಿ ಅರ್ಜಿ ಹಾಕಿಸಿದರು. ಬಾವಿಯ ಪರಿಹಾರ ನಾನು ಹೈಸ್ಕೂಲು ಮುಗಿಸುವ ಹೊತ್ತಿಗೆ ಬಂತು. ಅಜ್ಜಿ ಬದುಕಿದ್ದಳು. "ಈಗ್ಲಾದ್ರೂ ಕಣ್ ಕಾಣ್ತಲ್ಲ ಮುಂಡೇವ್ಕೆ," ಅಂದು ಚೆಕ್ಕನ್ನು ಅಮ್ಮನ ಕೈಗೆ ಕೊಟ್ಟಳು.

ಈಗ ಅದೇ ರಸ್ತೆ ಮತ್ತೆ ಅಗಲವಾಗುತ್ತಿದೆ. ಉಳಿದಿದ್ದ ಹೊಲದ ಪಟ್ಟಿ ಮೊಬೈಲಿಗೇ ಬಂತು, ಮತ್ತೆ ತಪ್ಪುತಪ್ಪಾಗಿ. ತಕರಾರಿಗೆ ಕೊಟ್ಟ ನಂಬರು ಒತ್ತಿದೆ. ಮುದ್ರಿಸಿಟ್ಟ ದನಿಯೊಂದು ಬಲು ವಿನಯದಿಂದ ಕಾಯಲು ಹೇಳಿತು. ಅರ್ಧ ಗಂಟೆ ಕಾದೆ. ಹೊಲ ಹೋಯಿತು, ಅಜ್ಜಿಯೂ ಹೋದಳು. ಎದುರಿಗೆ ನಿಲ್ಲಿಸಿ ನಾಲ್ಕು ಜನರ ಮುಂದೆ ನಾಚಿಸೋಣವೆಂದರೆ, ಈಗ ಅವರಿಗೊಂದು ಮುಖವೂ ಇಲ್ಲ.