ಅಟ್ಟದಲ್ಲಿ ಮಲಗಿಸಿದ ತಮ್ಮ

ಮಕ್ಕಳೇ, ಇದು ನಾನು ಚಿಕ್ಕವನಿದ್ದಾಗಿನ ಒಂದು ಭಾನುವಾರದ ಮಾತು. ಎಪ್ಪತ್ತಾರನೇ ಇಸವಿ, ಜಡಿಮಳೆಯ ಆಟಿ ತಿಂಗಳು, ಬೆಳಿಗ್ಗೆ ಆರೂವರೆ ಗಂಟೆ. ಕಾಪುವಿನ ನಮ್ಮ ಅಡುಗೆಮನೆಯಲ್ಲಿ ಅಪ್ಪ, ಅಮ್ಮ, ಅಕ್ಕ ಮತ್ತು ಆರು ವರ್ಷದ ನಾನು ಇದ್ದೆವು.

ಮಳೆಗಾಲದಲ್ಲಿ ತರಕಾರಿ ಸಿಗುವುದು ಕಷ್ಟ. ಅದಕ್ಕಾಗಿ ಬೇಸಗೆಯಲ್ಲಿ ಬೆಳೆದ ಸೌತೆಕಾಯಿಗಳನ್ನು ಅಪ್ಪ ಬಾಳೆನಾರಿನಿಂದ ಕಟ್ಟಿ, ಒಂದಕ್ಕೊಂದು ತಾಗದಂತೆ, ಹೆಂಚಿನ ಮಾಡಿನ ಕೆಳಗೆ ಸಾಲಾಗಿ ತೂಗುಹಾಕುತ್ತಿದ್ದರು. ಅಮ್ಮ ಬಾಗಿಲ ಕಡೆಯಿಂದ ಒಂದೊಂದನ್ನೇ ಇಳಿಸಿ ಹುಳಿ ಮಾಡುತ್ತಿದ್ದಳು. ಸಾಲು ತಪ್ಪಿಸುವಂತಿರಲಿಲ್ಲ.

ಅವುಗಳಲ್ಲಿ ಹಳದಿ ಪಟ್ಟೆಯ, ಸೊಟ್ಟ ಕುತ್ತಿಗೆಯ ಒಂದು ಕಾಯಿ ನನ್ನ ತಮ್ಮ. ನನಗೆ ಬೇರೆ ತಮ್ಮ ಇರಲಿಲ್ಲ. ಶಾಲೆಯಿಂದ ಬಂದವನೇ ಅವನ ಕೆಳಗೆ ನಿಂತು ಎಲ್ಲವನ್ನೂ ಹೇಳುತ್ತಿದ್ದೆ. ಗಾಳಿ ಬೀಸಿದಾಗ ಅವನು ನನ್ನತ್ತ ತಿರುಗುತ್ತಿದ್ದ.

ಅವನ ಸರದಿಯ ಹಿಂದಿನ ದಿನ ಹುಲ್ಲಿನಿಂದ ಬಿಗಿದು ಕಟ್ಟಿದ ಅಕ್ಕಿ ಮುಡಿಯ ಮೇಲೆ ಹತ್ತಿ ಅವನನ್ನು ಬಿಚ್ಚಿದೆ. ಚಳಿಯಾಗದಿರಲೆಂದು ಅಕ್ಕನ ಹಳೆಯ ಲಂಗದಲ್ಲಿ ಸುತ್ತಿ ಅಟ್ಟದ ಬೈಹುಲ್ಲಿನೊಳಗೆ ಮಲಗಿಸಿದೆ. ಕಾಯಿ ಕಾಣದೆ ಅಮ್ಮ ಇಲಿಗಳನ್ನು ಬೈದಳು. ಹದಿನೈದು ದಿನ ನಾನು ಅಟ್ಟದ ಕಡೆ ಹೋಗಲಿಲ್ಲ. ಹೋದರೆ ಅವನು ಸಿಕ್ಕಿಬೀಳುತ್ತಾನೆಂಬ ಹೆದರಿಕೆ.

ಆ ಭಾನುವಾರ ಮೇಲಿನಿಂದ ಕೆಟ್ಟ ನಾತ ಇಳಿಯಿತು. ಅಕ್ಕ ಅಟ್ಟ ಹತ್ತಿ, ನೀರು ತೊಟ್ಟಿಕ್ಕುವ ಗಂಟನ್ನು ತಂದಳು.

"ಅಮ್ಮ, ನಿನ್ನ ಇಲಿಗೆ ಲಂಗವೂ ಉಂಟು ನೋಡು" ಎಂದು ನಕ್ಕಳು.

ಅಪ್ಪ ನನ್ನನ್ನೇ ನೋಡಿದರು. "ನೀನಾ ಇಟ್ಟದ್ದು?"

"ಅವನನ್ನು ಕೊಯ್ತಾರೆ ಅಂತ."

"ಅವನು ಯಾರು ಮಾರಾಯ? ಗಾಳಿಗೆ ತೂಗಿದರೆ ದೀಪಾವಳಿವರೆಗೂ ಕೆಡುವುದಿಲ್ಲ. ಹುಲ್ಲಲ್ಲಿ ಮುಚ್ಚಿಟ್ಟರೆ ಕೊಳೆಯದೆ ಇನ್ನೆಂತ ಆಗ್ತದೆ?"

ಅಕ್ಕನ ನಗು ನಿಂತಿತು. "ನನ್ನತ್ರ ಹೇಳಿದ್ರೆ ಸಾಲಿನ ಕೊನೆಗೆ ಕಟ್ಟಿ ಕೊಡ್ತಿದ್ದೆ ಅಲ್ವಾ" ಎಂದಳು, ಮೆಲ್ಲಗೆ.

ಅವನನ್ನು ಗೊಬ್ಬರದ ಗುಂಡಿಗೆ ನಾನೇ ಒಯ್ಯಬೇಕಾಯಿತು. ಬಟ್ಟೆಯೊಳಗೆ ಹಿಡಿಯಲು ಗಟ್ಟಿಯಾದದ್ದು ಏನೂ ಉಳಿದಿರಲಿಲ್ಲ. ಮಧ್ಯಾಹ್ನ ಸಾಲಿನ ಮುಂದಿನ ಕಾಯಿಯ ಹುಳಿ ಬಡಿಸಿದರು. ನಾನೂ ಉಂಡೆ. ಉಳಿದ ಕಾಯಿಗಳ ಹತ್ತಿರ ಮತ್ತೆ ಮಾತಾಡಲಿಲ್ಲ.

ಮಕ್ಕಳೇ, ನಿಮ್ಮ ಫ್ರಿಜ್ಜಿನಲ್ಲಿ ಯಾವ ಸೌತೆಕಾಯಿಯೂ ತಮ್ಮನಾಗುವಷ್ಟು ದಿನ ಇರುವುದಿಲ್ಲ. ನಿಮ್ಮ ಮೊಬೈಲಿನ ಗೆಳೆಯರು ಆಟದಲ್ಲಿ ಸತ್ತರೂ ಬಟನ್ ಒತ್ತಿದೊಡನೆ ಎದ್ದು ಬರುತ್ತಾರೆ. ಆಗ ನಮ್ಮ ಮನೆಯಲ್ಲಿ ದಿನವೂ ಸಂಜೆ ಏಳಕ್ಕೆ ಮಗ್ಗಿಯ ಹೊತ್ತು. ತಮ್ಮನನ್ನು ಗುಂಡಿಗೆ ಹಾಕಿದ ಆ ದಿನವೂ ಕೈಕಾಲು ತೊಳೆದು, ಅಪ್ಪನೆದುರು ಕುಳಿತು, ಮೂರರ ಮಗ್ಗಿಯನ್ನು ಪೂರ್ತಿ ಹೇಳಿ ಮುಗಿಸಿದೆ. ಒಂದೂ ತಪ್ಪಲಿಲ್ಲ.