ಹೊಲಿಗೆ ಮಷಿನ್ ಎಲ್ಲಿ ಹೋಯಿತು?

‘ಈ ಹುಡ್ಗಿ ಎಂ.ಎ. ಮಾಡೋದೂ ಒಂದೇ, ನಮ್ಮ ಎಮ್ಮೆ ಬೀರೂರಲ್ಲಿ ರೈಲು ಹತ್ತೋದೂ ಒಂದೇ’ ಎಂದು ಅಜ್ಜಂಪುರದ ನಮ್ಮ ಮನೆಯ ಜಗಲಿಯಲ್ಲಿ ಕೂತು ಹೇಳಿದವರು ನಮ್ಮ ದೊಡ್ಡಪ್ಪ. ‘ಇದು ಆಗೋ ಮಾತಲ್ಲಮ್ಮ’ ಎಂದು ಕಡೂರಿನ ಕಾಲೇಜಿನಲ್ಲಿ ಹೇಳಿದವರು ನನ್ನ ಪ್ರಬಂಧಕ್ಕೆ ಸಹಿ ಹಾಕಬೇಕಿದ್ದ ಮೇಷ್ಟ್ರು. ಆಗುತ್ತೆ ಎಂದು ಬಾಯಿಬಿಟ್ಟು ಹೇಳಿದವರು ಯಾರೂ ಇಲ್ಲ. ಟೀಚರ್ ಕೂಡ ಹೇಳಲಿಲ್ಲ. ಗೋಂದು ಮೆತ್ತಿದ ಬೆರಳುಗಳಿಂದ ಒಂದು ಪುಸ್ತಕವನ್ನು ನನ್ನ ಮುಂದೆ ತಳ್ಳಿದರು, ಅಷ್ಟೆ.

ಆ ಬೆರಳುಗಳು ಇವತ್ತಿಗೂ ಕಣ್ಣಿಗೆ ಕಟ್ಟಿವೆ. ಮೈದಾ ಗೋಂದು ಒಣಗಿ ಉಗುರಿನ ಸುತ್ತ ಬಿಳಿ ಸಿಪ್ಪೆ ಏಳುತ್ತಿತ್ತು. ಮಾತಾಡುತ್ತಾ ಅದನ್ನು ಕಿತ್ತು ಕಿತ್ತು ಮಡಿಲಿಗೆ ಹಾಕಿಕೊಳ್ಳುತ್ತಿದ್ದರು. ಎದ್ದಾಗ ಕೊಡವುತ್ತಿದ್ದರು.

ಹೈಸ್ಕೂಲಿನಲ್ಲಿ ನನಗೆ ಕನ್ನಡ ಕಲಿಸಿದವರು ಅವರು. ಗಂಡ ತೀರಿಕೊಂಡ ಮೇಲೆ, ಕೆಲಸದಿಂದ ನಿವೃತ್ತರಾಗಿ ತರೀಕೆರೆಯಲ್ಲಿ ಬಸ್ ನಿಲ್ದಾಣದ ಹಿಂದಿನ ಗಲ್ಲಿಯಲ್ಲಿ ಎರಡು ಕೋಣೆ ಬಾಡಿಗೆಗೆ ಹಿಡಿದಿದ್ದರು. ನಾನು ದಿನಾ ಪ್ಯಾಸೆಂಜರ್ ರೈಲಿನಲ್ಲಿ ಕಡೂರಿಗೆ ಹೋಗಿಬಂದು ಬಿ.ಎ. ಮುಗಿಸಿ, ಅಜ್ಜಂಪುರದ ಸೊಸೈಟಿಯಲ್ಲಿ ಗುಮಾಸ್ತೆಯಾಗಿ ಸೇರಿದ್ದೆ. ಅಂಚೆಯಲ್ಲಿ ಪಾಠ ತರಿಸಿಕೊಂಡು ಎಂ.ಎ. ಓದುತ್ತಿದ್ದೆ. ನಮ್ಮ ಮನೆತನದಲ್ಲಿ ಎಸ್ಸೆಸ್ಸೆಲ್ಸಿ ದಾಟಿದವಳು ನಾನೊಬ್ಬಳೇ. ಇದನ್ನು ಸಂಕೋಚವಿಲ್ಲದೆ ಹೇಳಿಕೊಳ್ಳುತ್ತೇನೆ, ಪುಕ್ಕಟೆ ಬಂದದ್ದಲ್ಲ. ವಾರವಿಡೀ ಗೊಬ್ಬರದ ಚೀಟಿ ಬರೆದು, ಸಂಜೆ ಅವ್ವನ ಜೊತೆ ಈರುಳ್ಳಿ ಆರಿಸಿ, ಭಾನುವಾರ ತರೀಕೆರೆ ಬಸ್ಸಿನಲ್ಲಿ ಕೂತರೆ ಊರು ಬರುವಷ್ಟರಲ್ಲಿ ನಿದ್ದೆ ಹೋಗಿರುತ್ತಿದ್ದೆ. ಕಂಡಕ್ಟರ್ ಕೂಗಿ ಎಬ್ಬಿಸುತ್ತಿದ್ದ.

ಟೀಚರೂ ದಣಿದೇ ಇರುತ್ತಿದ್ದರು. ಎದೆಯಲ್ಲಿ ಉಬ್ಬಸ, ಕಣ್ಣಿನಲ್ಲಿ ಪೊರೆ. ‘ಬಂದ್ಯಾ? ನೀನೂ ಸತ್ತಿದ್ದೀಯ, ನಾನೂ ಸತ್ತಿದ್ದೀನಿ. ಕಾಫಿ ಕಾಯಿಸು, ಆಮೇಲೆ ಓದೋಣ’ ಎನ್ನುವುದು ಅವರ ಸ್ವಾಗತ.

ಅವರ ಮನೆಯ ಟ್ರಂಕುಗಳಲ್ಲಿ ಇದ್ದದ್ದೆಲ್ಲ ಹೆಂಗಸರು ಬರೆದ ಕಾದಂಬರಿಗಳು. ವಾಚನಾಲಯದವರು ಹರಿದವೆಂದು ಎಸೆದವು, ಬಾಡಿಗೆ ಲೈಬ್ರರಿ ಮುಚ್ಚಿದಾಗ ತೂಕಕ್ಕೆ ಹೊರಟಿದ್ದವು. ಒಂದೊಂದಕ್ಕೂ ಹಳೇ ಪೇಪರಿನ ಹೊದಿಕೆ ಹಾಕಿ, ಹೆಸರಿದ್ದ ಪುಟದ ಮೇಲೆ ಬಿಳಿ ಕಾಗದ ಅಂಟಿಸಿ ಕೊಡುತ್ತಿದ್ದರು. ಬರೆದವರು ಯಾರೆಂದು ಓದಿ ಮುಗಿಸುವ ತನಕ ತಿಳಿಯಬಾರದು. ನಾನು ಓದಿ ಅಭಿಪ್ರಾಯ ಹೇಳಿದ ಮೇಲೆ ಒದ್ದೆ ಬಟ್ಟೆಯಲ್ಲಿ ಆ ಕಾಗದ ನೆನೆಸಿ, ನಿಧಾನವಾಗಿ ಸುಲಿದು, ಹೆಸರು ತೋರಿಸುತ್ತಿದ್ದರು.

‘ಯಾಕ್ ಟೀಚರ್ ಇಷ್ಟೆಲ್ಲ ರಗಳೆ?’ ಎಂದು ಕೇಳಿದ್ದೆ.

‘ಹೆಸರು ಕಂಡ ತಕ್ಷಣ ಗಂಡಸರು ನಗ್ತಾರೆ. ನೀನು ಅಯ್ಯೋ ಪಾಪ ಅಂತೀಯ. ಎರಡೂ ಓದೋದಲ್ಲ ಕಣೇ. ಈ ಹೆಂಗಸರನ್ನ ಇಷ್ಟು ವರ್ಷ ಯಾರೂ ಸರಿಯಾಗಿ ಬೈದೇ ಇಲ್ಲ. ಬೈಸಿಕೊಳ್ಳೋ ಮರ್ಯಾದೆಯಾದ್ರೂ ಸಿಗಲಿ.’

ಅವ್ವನಿಗೆ ಓದು ಬಾರದು. ನಾನು ತಂದ ಪುಸ್ತಕವನ್ನು ತಿರುಗಿಸಿ ನೋಡಿ, ‘ಇದ್ಯಾಕವ್ವ, ಪುಸ್ತಕದ ಮಕ ಮುಚ್ಚವ್ರೆ?’ ಎಂದಿದ್ದಳು. ಟೀಚರಿಗೆ ಹೇಳಿದೆ. ನಕ್ಕು ನಕ್ಕು ಕೆಮ್ಮು ಹತ್ತಿತು.

ಎಂ.ಎ.ಗೆ ಒಂದು ಪ್ರಬಂಧ ಬರೆಯಬೇಕಿತ್ತು, ಅಂಚೆ ಪಾಠದವರು ಅದಕ್ಕೆ ಮಾರ್ಗದರ್ಶಕರೆಂದು ಕಡೂರಿನ ಮೇಷ್ಟ್ರನ್ನು ಗೊತ್ತುಮಾಡಿದ್ದರು. ಈ ಕಾದಂಬರಿಗಳ ಮೇಲೇ ಬರೆಯುತ್ತೇನೆಂದು ಅವರ ಮುಂದೆ ನಿಂತೆ. ಆಗೋ ಮಾತಲ್ಲ ಎಂದದ್ದು ಅವತ್ತೇ. ‘ಅಡುಗೆಮನೆ ಕಾದಂಬರಿ ಓದಬಹುದಮ್ಮ, ಅದರ ಮೇಲೆ ಬರೆಯೋಕೆ ಏನಿರುತ್ತೆ? ಬರೆದು ತಾ, ನೋಡೋಣ. ತಿರುಳಿದ್ರೆ ಸಹಿ, ಇಲ್ದಿದ್ರೆ ಇಲ್ಲ.’ ಸಹಿಯಿಲ್ಲದಿದ್ದರೆ ಪ್ರಬಂಧವಿಲ್ಲ, ಪ್ರಬಂಧವಿಲ್ಲದೆ ಎಂ.ಎ. ಇಲ್ಲ.

ಆ ವಾರ ಟೀಚರ್ ಕೊಟ್ಟದ್ದು ಒಂದು ತೆಳು ಕಾದಂಬರಿ. ಗಂಡ ಬಿಟ್ಟುಹೋದ ಹೆಂಗಸೊಬ್ಬಳು ಪೇಟೆಯಲ್ಲಿ ಕೋಣೆ ಹಿಡಿದು, ಹೊಲಿಗೆ ಮಷಿನ್ ಇಟ್ಟುಕೊಂಡು ಬದುಕುವ ಕಥೆ. ಮಷಿನ್ನಿಗೆ ಎಣ್ಣೆ ಬಿಡುವುದು, ಸೂಜಿ ಮುರಿದರೆ ಅವಳ ಮುಖ ಬಾಡುವುದು, ಅದರ ಸದ್ದು ನಿಂತರೆ ಪಕ್ಕದ ಮನೆಯವರು ಬಂದು ವಿಚಾರಿಸುವುದು, ಎಲ್ಲ ಎಷ್ಟು ಚೆನ್ನಾಗಿತ್ತೆಂದರೆ ಈರುಳ್ಳಿ ಆರಿಸುವುದನ್ನು ಬಿಟ್ಟು ಓದಿದೆ. ಕೊನೆಯ ಎರಡು ಅಧ್ಯಾಯದಲ್ಲಿ ಗಂಡ ವಾಪಸ್ಸು ಬರುತ್ತಾನೆ, ಅವಳು ಕಾಲಿಗೆ ಬೀಳುತ್ತಾಳೆ, ಮುಗಿಯಿತು.

ಭಾನುವಾರ ಹೋದವಳೇ ಸಿಟ್ಟಿನಲ್ಲಿ ಶುರು ಮಾಡಿದೆ. ‘ಕೊನೇದು ಸುಳ್ಳು ಟೀಚರ್. ಮೊದಲ ಪುಟದಿಂದ ಮಷಿನ್ ಇದೆ. ಗಂಡ ಬಂದ ಮೇಲೆ ಅದು ಎಲ್ಲಿ ಹೋಯ್ತು? ಮಾರಿದ್ಲಾ? ಅಟ್ಟಕ್ಕೆ ಹಾಕಿದ್ಲಾ? ಒಂದು ಮಾತೂ ಇಲ್ಲ. ಬರೆದವರಿಗೆ ಆ ಹೆಂಗಸಿನ ಮೇಲೆ ಮರ್ಯಾದೇನೇ ಇಲ್ಲ.’

ಟೀಚರ್ ಬೆರಳಿನ ಸಿಪ್ಪೆ ಕೀಳುವುದನ್ನು ನಿಲ್ಲಿಸಿದರು. ಬಟ್ಟೆ ಒದ್ದೆ ಮಾಡಿಕೊಂಡು ಬಂದರು. ಕಾಗದ ಸುಲಿದರು. ಅಲ್ಲಿ ಅವರ ಹೆಸರಿತ್ತು.

ಅವರು ಕಾದಂಬರಿ ಬರೆದಿದ್ದಾರೆಂದೇ ನನಗೆ ಗೊತ್ತಿರಲಿಲ್ಲ. ‘ತಪ್ಪಾಯ್ತು ಟೀಚರ್’ ಎಂದು ಎದ್ದು ನಿಂತೆ.

‘ಕೂತ್ಕೊ. ಗಂಡ ವಾಪಸ್ ಬರದಿದ್ರೆ ಅಚ್ಚು ಹಾಕಲ್ಲ ಅಂದ್ರು ಪ್ರಕಾಶಕರು. ಅಚ್ಚಲ್ಲಿ ನೋಡೋ ಆಸೆ ನಂಗೆ. ಬರೆದುಕೊಟ್ಟೆ. ಆ ಮಷಿನ್ ಎಲ್ಲಿಡಬೇಕು ಅಂತ ಮಾತ್ರ ತಿಳೀಲಿಲ್ಲ ಕಣೇ. ಅದಕ್ಕೆ ಬಿಟ್ಟುಬಿಟ್ಟೆ.’ ಸುಲಿದ ಕಾಗದವನ್ನು ಮಡಿಚುತ್ತಾ ಸೇರಿಸಿದರು: ‘ಇಷ್ಟು ವರ್ಷದಲ್ಲಿ ಒಬ್ಬರಾದ್ರೂ ಕೇಳ್ತಾರಾ ಅಂತ ಕಾದೆ.’

ಮನೆಗೆ ಬಂದು ಪ್ರಬಂಧದಲ್ಲಿ ಆ ಕಾದಂಬರಿಯ ಮೇಲಿನ ಅಧ್ಯಾಯ ಬರೆದೆ. ಬರೆಯುವಾಗ ಕೈ ತಡೆಯಿತು. ಅಕ್ಷರ ಕೊಟ್ಟವರು, ಅವರ ಪುಸ್ತಕವನ್ನು ಹೇಗೆ ಬೈಯುವುದು? ಭಾಷೆ ಸೊಗಸಾಗಿದೆ, ಕಳಕಳಿ ಇದೆ, ಸ್ತ್ರೀಯ ಅಂತರಂಗವಿದೆ ಎಂದೆಲ್ಲ ಬರೆದು ಒಯ್ದು ಕೊಟ್ಟೆ. ಟೀಚರ್ ಹಾಳೆಗಳನ್ನು ಕಣ್ಣಿಗೆ ಹತ್ತಿರ ಹಿಡಿದು ಕೊನೆಯವರೆಗೂ ಓದಿದರು. ಮಡಿಚಿ ನನ್ನ ಕೈಗೇ ವಾಪಸ್ಸು ಕೊಟ್ಟರು.

‘ಇದ್ರಲ್ಲಿ ಮಷಿನ್ ಎಲ್ಲಿ ಹೋಯ್ತು?’

ಹಾಳೆಗಳನ್ನು ತಿರುವಿ ನೋಡಿದೆ. ಎಲ್ಲೂ ಇರಲಿಲ್ಲ.

‘ನಾನು ಮಾಡಿದ್ದನ್ನೇ ನೀನೂ ಮಾಡಿದ್ದೀಯ. ಅಚ್ಚು ಹಾಕೋರಿಗೆ ಹೆದರಿ ನಾನು, ನನಗೆ ಹೆದರಿ ನೀನು. ನನಗೆ ಸಾಕಾಗಿದೆ. ಹೋಗು, ಅವತ್ತು ಬಾಯಲ್ಲಿ ಹೇಳಿದ್ದನ್ನ ಬರೆ.’

ಬರೆದೆ. ಎಲ್ಲಿಯವರೆಗೆ ಆ ಹೆಂಗಸು ಬದುಕಿದ್ದಾಳೆ, ಯಾವ ಸಾಲಿನಿಂದ ಅವಳನ್ನು ಬೇರೆಯವರು ನಡೆಸುತ್ತಿದ್ದಾರೆ ಎಂದು ಪುಟ ತೋರಿಸಿ ಬರೆದೆ. ಟೀಚರ್ ಕೊಟ್ಟ ಬೇರೆ ಕಾದಂಬರಿಗಳನ್ನು ಮತ್ತೆ ತೆಗೆದು, ಕೊನೆಗೆ ಬರುವಾಗ ಯಾವ ವಸ್ತು ಮಾಯವಾಗಿದೆ ಎಂದು ಹುಡುಕಿದೆ. ಒಂದರಲ್ಲಿ ಹಾರ್ಮೋನಿಯಂ, ಇನ್ನೊಂದರಲ್ಲಿ ಸೈಕಲ್. ಪ್ರಬಂಧ ಅಲ್ಲಿಂದ ತಾನಾಗಿ ಬೆಳೆಯಿತು. ಟೀಚರ್ ಆಗ ಹಾಸಿಗೆ ಹಿಡಿದಿದ್ದರು. ನಾನೇ ಓದಿ ಹೇಳಿದೆ. ಕಣ್ಣು ಮುಚ್ಚಿ ಕೇಳಿ, ‘ಚೆನ್ನಾಗಿ ಬೈದಿದ್ದೀಯ’ ಎಂದರು. ಅವರಿಂದ ನಾನು ಪಡೆದ ಹೊಗಳಿಕೆ ಅದೊಂದೇ.

ಕಡೂರಿನ ಮೇಷ್ಟ್ರು ಆ ಅಧ್ಯಾಯವನ್ನು ನಿಂತೇ ಓದಲು ಶುರುಮಾಡಿ, ನಡುವೆ ಕುರ್ಚಿ ಎಳೆದುಕೊಂಡು ಕೂತರು. ‘ಇವರು ನಿನ್ನ ಟೀಚರ್ ಅಂತ ನೀನೇ ಬರೆದಿದ್ದೀಯ. ಗುರುಗಳ ಮೇಲೆ ಹೀಗೂ ಬರೀತಾರೇನಮ್ಮ?’ ಎಂದರು. ‘ಅವರೇ ಬರೆಸಿದ್ದು ಸಾರ್’ ಎಂದೆ. ಜೇಬಿನಿಂದ ಪೆನ್ನು ತೆಗೆದರು. ಸಹಿ ಹಾಕಿದರು.

ಪಾಸಾದ ಸುದ್ದಿ ಹೇಳಲು ತರೀಕೆರೆಗೆ ಹೋದಾಗ ಕೋಣೆಗೆ ಬೀಗವಿತ್ತು. ಹಿಂದಿನ ವಾರವೇ ತೀರಿಕೊಂಡಿದ್ದರು. ಟ್ರಂಕುಗಳನ್ನು ನನಗೆ ಕೊಡಬೇಕೆಂದು ಮನೆಯ ಮಾಲೀಕರಿಗೆ ಹೇಳಿಟ್ಟಿದ್ದರಂತೆ. ಬಸ್ಸಿನ ಮೇಲೆ ಹಾಕಿಸಿಕೊಂಡು ಬಂದೆ. ಅವತ್ತು ಮಾತ್ರ ದಾರಿಯಲ್ಲಿ ನಿದ್ದೆ ಬರಲಿಲ್ಲ.

ಅವರ ಹೆಸರು ಬೇಕಾದವರಿಗೆ ಪ್ರಬಂಧದಲ್ಲಿದೆ. ಇಲ್ಲಿ ಅವರ ಪದ್ಧತಿಯನ್ನೇ ಇಟ್ಟುಕೊಂಡಿದ್ದೇನೆ, ಮೊದಲು ಓದು, ಆಮೇಲೆ ಹೆಸರು.

ಪದವಿ ಪತ್ರ ಅಂಚೆಯಲ್ಲಿ ಬಂತು. ಅದನ್ನು ಮೊದಲು ಅವ್ವನ ಕೈಯಲ್ಲಿಟ್ಟೆ. ಈರುಳ್ಳಿ ಸಿಪ್ಪೆ ಅಂಟಿದ ಕೈಯನ್ನು ಸೀರೆಗೆ ಒರೆಸಿಕೊಂಡು ಹಿಡಿದಳು. ಪಕ್ಕದಲ್ಲಿದ್ದ ದೊಡ್ಡಪ್ಪ ಅದನ್ನು ಇಸಿದುಕೊಂಡು ಅಕ್ಷರ ಕೂಡಿಸಿ ನನ್ನ ಹೆಸರು ಓದಿದರು. ‘ಹತ್ತಿಬಿಡ್ತಲ್ಲ ಕಣಮ್ಮ ಎಮ್ಮೆ ರೈಲನ್ನ!’ ಎಂದು ತಾವೇ ನಕ್ಕರು.

ಅವ್ವ ನಗಲಿಲ್ಲ. ‘ಆ ಟೀಚರಮ್ಮನ ಹೆಸರು ಎಲ್ಲೈತೆ, ತೋರ್ಸಿ ಭಾವ’ ಎಂದಳು.

‘ಅದನ್ನೆಲ್ಲ ಇದ್ರಲ್ಲಿ ಹಾಕಲ್ಲಮ್ಮ.’

ಅವ್ವ ಕಾಗದವನ್ನು ಮತ್ತೆ ತನ್ನ ಕೈಗೆ ತೆಗೆದುಕೊಂಡು, ನನ್ನ ಹೆಸರಿನ ಕೆಳಗಿನ ಖಾಲಿ ಜಾಗದ ಮೇಲೆ ಹೆಬ್ಬೆರಳು ಆಡಿಸಿದಳು.

‘ಹಂಗಾರೆ ಇದ್ರ ಮಕಾನೂ ಮುಚ್ಚವ್ರೆ ಕಣವ್ವ’ ಎಂದಳು.